ಬಿಳಿಯೋ? ಬೆಳಕೋ? – ಎಸ್ಟೋನಿಯನ್ ಭಾಷೆಯ ಒಂದು ಬಣ್ಣದ ಪದ

ಒಂದು ಪ್ರಶ್ನೆಯಿಂದ ಪ್ರಾರಂಭಿಸೋಣ. ಬಾಗಿಲು ಕಿಟಕಿಗಳನ್ನೆಲ್ಲ ಮುಚ್ಚಿ, ಒಂದಿಷ್ಟೂ ಬೆಳಕು ಒಳಗೆ ಬಾರದಂತೆ ಮಾಡಿದ ಕೋಣೆಯಲ್ಲಿ ಒಂದು ಬಿಳಿ ಹಾಳೆ ಇದೆ. ಈಗ ಅದರ ಬಣ್ಣ ಯಾವುದು?

ಸುಮಾರು ಇಪ್ಪತ್ತೈದು ವರ್ಷಗಳ ಹಿಂದೆ, ನಾನು ಅಧ್ಯಾಪಕನಾಗಿ ಸೇರಿದ ಹೊಸದರಲ್ಲಿ, ಈ ಪ್ರಶ್ನೆಯನ್ನು ಪದವಿ ತರಗತಿಯ ಕಿರುಪರೀಕ್ಷೆಯಲ್ಲಿ ಕೇಳಿದ್ದೆ. ನಾನು ನಿರೀಕ್ಷಿಸಿದ್ದ ಉತ್ತರ ‘ಕಪ್ಪು’ ಅಥವಾ ‘ಬಣ್ಣವಿಲ್ಲ’ ಎಂದು. ಒಬ್ಬ ವಿದ್ಯಾರ್ಥಿ ಮಾತ್ರ ‘ಹಾಳೆ ಬಿಳಿಯೇ, ಕೋಣೆಯಲ್ಲಿ ಬೆಳಕಿಲ್ಲ ಅಷ್ಟೆ’ ಎಂದು ಬರೆದಿದ್ದ. ನಾನು ಕೆಂಪು ಶಾಯಿಯಲ್ಲಿ ಅಡ್ಡಗೆರೆ ಎಳೆದು ಸೊನ್ನೆ ಕೊಟ್ಟೆ. ಅವನು ಉತ್ತರ ಪತ್ರಿಕೆ ಹಿಡಿದುಕೊಂಡು ಬಂದು ಏನೋ ಹೇಳಲು ಹೊರಟಾಗ, ‘ಬೆಳಕಿಲ್ಲದೆ ಬಣ್ಣವಿಲ್ಲ, ಪುಸ್ತಕ ಓದು’ ಎಂದು ಕಳುಹಿಸಿಬಿಟ್ಟೆ. ಆ ವರ್ಷ ಅವನು ಮತ್ತೆ ನನ್ನ ತರಗತಿಯಲ್ಲಿ ಬಾಯಿ ಬಿಡಲಿಲ್ಲ.

ಆ ಉತ್ತರವನ್ನು ನಾನು ಮತ್ತೊಮ್ಮೆ ಯೋಚಿಸುವಂತೆ ಮಾಡಿದ್ದು ಭೌತವಿಜ್ಞಾನದ ಯಾವ ಗ್ರಂಥವೂ ಅಲ್ಲ, ದೂರದ ಎಸ್ಟೋನಿಯ ದೇಶದ ಒಂದು ಬಣ್ಣದ ಪದ. ಸಮ್ಮೇಳನವೊಂದರಲ್ಲಿ ಜೊತೆಯಾಗಿದ್ದ ಆ ದೇಶದ ಸಂಶೋಧಕರೊಬ್ಬರು ಬೆಳಗಿನ ಜಾವ ಕಿಟಕಿಯ ಪರದೆ ಸರಿಸುತ್ತ ತಮ್ಮ ಭಾಷೆಯಲ್ಲಿ ಏನೋ ಹೇಳಿದರು. ಅರ್ಥ ಕೇಳಿದೆ. ‘ಹೊರಗೆ ಆಗಲೇ ಬೆಳಕಾಗಿದೆ’ ಎಂದರು. ಒಂದು ಕ್ಷಣ ಬಿಟ್ಟು ನಕ್ಕು, ‘ಪದಶಃ ಹೇಳುವುದಾದರೆ, ಹೊರಗೆ ಆಗಲೇ ಬಿಳಿಯಾಗಿದೆ’ ಎಂದು ಸೇರಿಸಿದರು.

ದೇಶ, ಭಾಷೆ

ಎಸ್ಟೋನಿಯ ಇರುವುದು ಬಾಲ್ಟಿಕ್ ಸಮುದ್ರದ ಪೂರ್ವ ದಂಡೆಯ ಮೇಲೆ. ವಿಸ್ತೀರ್ಣ ಸುಮಾರು 45,000 ಚದರ ಕಿಲೋಮೀಟರ್. ಜನಸಂಖ್ಯೆ 13 ಲಕ್ಷಕ್ಕೆ ಸ್ವಲ್ಪ ಹೆಚ್ಚು. ರಾಜಧಾನಿ ಟಾಲಿನ್. 1918ರಲ್ಲಿ ಸ್ವಾತಂತ್ರ್ಯ ಘೋಷಿಸಿಕೊಂಡು, ಮುಂದೆ ಸೋವಿಯತ್ ಒಕ್ಕೂಟಕ್ಕೆ ಸೇರಿಹೋಗಿ, 1991ರಲ್ಲಿ ಮತ್ತೆ ಸ್ವತಂತ್ರವಾದ ದೇಶವಿದು. ಇದರ ಎರಡನೆಯ ದೊಡ್ಡ ನಗರ ಟಾರ್ಟುವಿನಲ್ಲಿ 1632ರಲ್ಲಿ ಸ್ಥಾಪನೆಯಾದ ವಿಶ್ವವಿದ್ಯಾಲಯವಿದೆ.

ಯೂರೋಪಿನ ಬಹುಪಾಲು ಭಾಷೆಗಳು ಇಂಡೋ-ಯೂರೋಪಿಯನ್ ವರ್ಗಕ್ಕೆ ಸೇರಿದವು. ಎಸ್ಟೋನಿಯನ್ ಹಾಗಲ್ಲ. ಅದು ಫಿನ್ನಿಶ್ ಭಾಷೆಯ ಹತ್ತಿರದ ನಂಟ, ಹಂಗೇರಿಯನ್ನಿನ ದೂರದ ನಂಟ. ಇವೆಲ್ಲ ಯುರಾಲಿಕ್ ಎಂಬ ಬೇರೆಯದೇ ವರ್ಗದ ಭಾಷೆಗಳು. ಆದ್ದರಿಂದ ಇಂಗ್ಲಿಷಿಗಾಗಲಿ ಸಂಸ್ಕೃತಕ್ಕಾಗಲಿ ಇದಕ್ಕೂ ಹುಟ್ಟಿನ ಸಂಬಂಧವಿಲ್ಲ.

‘ವಲ್ಗೆ’ – ಒಂದು ಪದ, ಹಲವು ಅರ್ಥ

ಎಸ್ಟೋನಿಯನ್ನಿನಲ್ಲಿ ಬಿಳಿಗೆ ‘ವಲ್ಗೆ’ ಎನ್ನುತ್ತಾರೆ. ಹಿಮ ವಲ್ಗೆ, ಕಾಗದ ವಲ್ಗೆ, ಹಾಲು ವಲ್ಗೆ. ಆ ದೇಶದ ಧ್ವಜದಲ್ಲಿರುವ ನೀಲಿ, ಕಪ್ಪು, ಬಿಳಿ ಪಟ್ಟಿಗಳಲ್ಲಿ ಕೆಳಗಿನದು ವಲ್ಗೆ. ಇಷ್ಟಾದರೆ ವಿಶೇಷವೇನೂ ಇಲ್ಲ.

ಆದರೆ ‘ಕೋಣೆ ವಲ್ಗೆಯಾಗಿದೆ’ ಎಂದರೆ ಗೋಡೆಗೆ ಸುಣ್ಣ ಬಳಿದಿದ್ದಾರೆ ಎಂದಲ್ಲ. ಕೋಣೆಯಲ್ಲಿ ಬೆಳಕಿದೆ ಎಂದು. ‘ವಲ್ಗೆಯ ವೇಳೆ’ ಎಂದರೆ ಹಗಲು ಹೊತ್ತು. ದೀಪದ ಬೆಳಕಿನಲ್ಲಿ ಓದಿದೆ ಎನ್ನುವಾಗಲೂ ಇದೇ ಪದಕ್ಕೆ ವಿಭಕ್ತಿ ಹತ್ತಿಸಿ ‘ದೀಪದ ವಲ್ಗೆಯಲ್ಲಿ’ ಎನ್ನುವ ರೂಪ ಬಳಕೆಯಲ್ಲಿದೆ. ಭೌತವಿಜ್ಞಾನದ ‘ಬೆಳಕು’ ಎಂಬ ನಾಮಪದವೂ ಇದರಿಂದಲೇ ಹುಟ್ಟಿದ್ದು: ‘ವಲ್ಗುಸ್’. ಬೆಳಕಿನ ವೇಗ, ಬೆಳಕಿನ ಆಕರ, ಜ್ಯೋತಿರ್ವರ್ಷ – ಎಲ್ಲದರಲ್ಲೂ ಈ ವಲ್ಗುಸ್ ಇದೆ. ಅದನ್ನು ಮುಂದುವರಿಸಿದರೆ ‘ವಲ್ಗುಸ್ತುಸ್’. ಇದಕ್ಕೆ ದೀಪವ್ಯವಸ್ಥೆ ಎಂದೂ ಅರ್ಥ. ಯೂರೋಪಿನ ಇತಿಹಾಸದಲ್ಲಿ ಬರುವ 18ನೆಯ ಶತಮಾನದ ವೈಚಾರಿಕ ಜಾಗೃತಿಗೂ ಇದೇ ಹೆಸರು.

ಇನ್ನು ಸಂಯುಕ್ತ ಪದಗಳು. ‘ಮುನ’ ಎಂದರೆ ಮೊಟ್ಟೆ. ‘ಮುನವಲ್ಗೆ’ ಮೊಟ್ಟೆಯ ಬಿಳಿಭಾಗ. ‘ಸಿಲ್ಮವಲ್ಗೆ’ ಕಣ್ಣಿನ ಬಿಳಿಭಾಗ. ಇದೇ ಮೂಲದಿಂದ ರೂಪಿಸಿಕೊಂಡ ‘ವಲ್ಕ್’ ಎಂಬುದು ಪ್ರೋಟೀನಿಗೆ ಹೆಸರು. ಮೊಟ್ಟೆಯ ಬಿಳಿಭಾಗದಲ್ಲಿ ನೀರನ್ನು ಬಿಟ್ಟರೆ ಹೆಚ್ಚಾಗಿ ಇರುವುದು ಪ್ರೋಟೀನೇ ಎಂಬುದನ್ನು ಇಲ್ಲಿ ನೆನೆಯಬಹುದು. ‘ವಸ್ಕ್’ ಎಂದರೆ ತಾಮ್ರ. ‘ವಲ್ಗೆವಸ್ಕ್’ ಎಂದರೆ ಹಿತ್ತಾಳೆ. ಹಿತ್ತಾಳೆ ಬಿಳಿಯಲ್ಲ, ಹಳದಿ. ಆದರೆ ತಾಮ್ರದ ಪಕ್ಕದಲ್ಲಿಟ್ಟರೆ ಅದು ತಿಳಿ. ಬಣ್ಣದ ಪದಗಳು ಎಷ್ಟೋ ವೇಳೆ ಬಣ್ಣವನ್ನಲ್ಲ, ಎರಡು ವಸ್ತುಗಳ ನಡುವಿನ ವ್ಯತ್ಯಾಸವನ್ನು ಹೇಳುತ್ತವೆ ಎಂಬುದಕ್ಕೆ ಇದು ಒಳ್ಳೆಯ ನಿದರ್ಶನ.

ವಿರುದ್ಧಪದದ ಪರೀಕ್ಷೆ

ಒಂದು ಪದಕ್ಕೆ ನಿಜವಾಗಿ ಎರಡು ಅರ್ಥಗಳಿವೆಯೇ ಎಂದು ತಿಳಿಯಲು ಸುಲಭವಾದ ಉಪಾಯ ಅದರ ವಿರುದ್ಧಪದವನ್ನು ಕೇಳುವುದು. ‘ಕಾಗದ ವಲ್ಗೆ’ ಎಂಬುದರ ವಿರುದ್ಧ ‘ಕಾಗದ ಮುಸ್ತ್’. ಮುಸ್ತ್ ಎಂದರೆ ಕಪ್ಪು. ‘ಕೋಣೆ ವಲ್ಗೆ’ ಎಂಬುದರ ವಿರುದ್ಧ ಮಾತ್ರ ‘ಕೋಣೆ ಪಿಮೆ’. ಪಿಮೆ ಎಂದರೆ ಕತ್ತಲೆ. ಕುರುಡು ಎಂಬ ಅರ್ಥವೂ ಅದಕ್ಕಿದೆ. ‘ಕೋಣೆ ಮುಸ್ತ್’ ಎಂದರೆ ಕತ್ತಲೆ ಎಂದಾಗುವುದಿಲ್ಲ. ಕೋಣೆ ಕೊಳಕಾಗಿದೆ, ಗುಡಿಸಬೇಕು ಎಂದಾಗುತ್ತದೆ. ಏಕೆಂದರೆ ಮುಸ್ತ್ ಎಂಬುದಕ್ಕೆ ಕೊಳಕು ಎಂದೂ ಅರ್ಥವಿದೆ.

ಹೀಗೆ ವಲ್ಗೆಯ ಒಳಗೆ ಎರಡು ಭಾವನೆಗಳು ಕೂಡಿಕೊಂಡಿವೆ. ಒಂದು, ಮೇಲ್ಮೈಯ ಗುಣ. ಇನ್ನೊಂದು, ಇರುವ ಬೆಳಕಿನ ಪ್ರಮಾಣ. ಆಡುಮಾತಿನಲ್ಲಿ ಇವು ಬೆರೆತರೂ ಕೇಳುವವರಿಗೆ ಗೊಂದಲವಾಗುವುದಿಲ್ಲ. ಸಂದರ್ಭ ಅರ್ಥವನ್ನು ಬಿಡಿಸಿಕೊಡುತ್ತದೆ. ವಿಜ್ಞಾನದಲ್ಲಿ ಮಾತ್ರ ಇವನ್ನು ಬೇರ್ಪಡಿಸದೆ ಒಂದು ಹೆಜ್ಜೆಯೂ ಮುಂದಿಡಲಾಗದು.

ನಮ್ಮ ‘ಬಿಳಿ’ಯೂ ನಮ್ಮ ‘ಬೆಳಕು’ ಕೂಡ

ಇಷ್ಟು ಓದುವ ಹೊತ್ತಿಗೆ ನಿಮಗೆ ಒಂದು ಸಂಗತಿ ಹೊಳೆದಿರಬಹುದು. ಕನ್ನಡದಲ್ಲಿ ಬಿಳಿ, ಬೆಳ್ಳಗೆ, ಬೆಳಕು, ಬೆಳಗು, ಬೆಳಗ್ಗೆ, ಬೆಳ್ಳಿ, ಬೆಳ್ಳಕ್ಕಿ, ಬೆಳ್ಳುಳ್ಳಿ – ಇವೆಲ್ಲ ಒಂದೇ ಬೇರಿನ ಚಿಗುರುಗಳು. ಬೆಳ್ಗೊಳ ಎಂಬ ಊರ ಹೆಸರೂ ‘ಬಿಳಿಯ ಕೊಳ’ವೇ. ‘ಬೆಳ್ದಿಂಗಳು’ ಎಂಬ ಪದವನ್ನು ಬಿಡಿಸಿ ನೋಡಿ: ಬೆಳ್ ಮತ್ತು ತಿಂಗಳು. ಎಸ್ಟೋನಿಯನ್ನಿನಲ್ಲಿ ಚಂದ್ರನಿಗೆ ‘ಕೂ’ ಎಂದು ಹೆಸರು, ಬೆಳ್ದಿಂಗಳಿಗೆ ‘ಕೂವಲ್ಗೆ’. ಅವೇ ಎರಡು ಭಾಗಗಳು, ಹಿಂದುಮುಂದಾಗಿವೆ ಅಷ್ಟೆ. ಅದೂ ಸಾಲದು ಎಂಬಂತೆ, ನಮ್ಮ ‘ತಿಂಗಳು’ ಹೇಗೆ ಚಂದ್ರನೂ ಹೌದೋ ಮಾಸವೂ ಹೌದೋ, ಅವರ ‘ಕೂ’ ಕೂಡ ಹಾಗೆಯೇ!

‘ವಲ್ಗೆ’ ಮತ್ತು ‘ಬೆಳಗು’ ಕಿವಿಗೂ ಹತ್ತಿರ ಕೇಳಿಸುತ್ತವೆ. ಹಾಗಾದರೆ ಎರಡು ಭಾಷೆಗಳಿಗೂ ನಂಟಿದೆಯೇ? ಇಲ್ಲಿ ವಿಜ್ಞಾನದ ವಿದ್ಯಾರ್ಥಿ ಎಚ್ಚರವಾಗಿರಬೇಕು. 1856ರಲ್ಲಿ ಪ್ರಕಟವಾದ ತಮ್ಮ ದ್ರಾವಿಡ ಭಾಷೆಗಳ ತೌಲನಿಕ ವ್ಯಾಕರಣದಲ್ಲಿ ರಾಬರ್ಟ್ ಕಾಲ್ಡ್‌ವೆಲ್ ಫಿನ್ನಿಶ್ ಮುಂತಾದ ಭಾಷೆಗಳೊಂದಿಗೆ ದ್ರಾವಿಡ ಭಾಷೆಗಳ ಹೋಲಿಕೆಗಳನ್ನು ಗುರುತಿಸಿದ್ದರು. ಆದರೆ ಅಂಥ ಸಂಬಂಧ ಸಾಬೀತಾಗಿದೆ ಎಂದು ಇಂದಿನ ಭಾಷಾವಿಜ್ಞಾನಿಗಳು ಒಪ್ಪಿಲ್ಲ. ಒಂದೆರಡು ಪದಗಳ ಸದ್ದು ಕೂಡಿಬಂದರೆ ಅದು ಪುರಾವೆಯಲ್ಲ. ಕ್ರಮಬದ್ಧವಾದ ಧ್ವನಿ ಹೊಂದಾಣಿಕೆ ಬೇಕು. ತಮಿಳಿನ ‘ವಾಯ್’ ಕನ್ನಡದಲ್ಲಿ ‘ಬಾಯಿ’, ‘ವೇರ್’ ಕನ್ನಡದಲ್ಲಿ ‘ಬೇರು’, ಹಾಗೆಯೇ ‘ವೆಳ್’ ಕನ್ನಡದಲ್ಲಿ ‘ಬೆಳ್’. ಪದದಿಂದ ಪದಕ್ಕೆ ಮರುಕಳಿಸುವ ಇಂಥ ನಿಯಮವೇ ಪುರಾವೆ. ಸದ್ದಿನ ಹೋಲಿಕೆ ನಮ್ಮ ಮನೆಯೊಳಗೇ ಮೋಸ ಮಾಡಬಲ್ಲದು: ಹೊಲದ ‘ಬೆಳೆ’ ನೋಡಲು ‘ಬೆಳಕಿ’ನ ಒಡಹುಟ್ಟಿನಂತಿದೆ, ಆದರೆ ಅದರ ಮೂಲ ಬೇರೆ, ತಮಿಳಿನಲ್ಲಿ ಅದು ‘ವಿಳೈ’.

ಸದ್ದಿನ ಹೋಲಿಕೆ ಆಕಸ್ಮಿಕವಿರಬಹುದು. ಅರ್ಥದ ಹೋಲಿಕೆ ಆಕಸ್ಮಿಕವಲ್ಲ. ಗ್ರೀಕಿನಲ್ಲಿ ‘ಲ್ಯೂಕೋಸ್’ ಎಂದರೆ ಬಿಳಿ. ಬಿಳಿ ರಕ್ತಕಣವನ್ನು ಲ್ಯೂಕೋಸೈಟ್ ಎನ್ನುವುದು ಅದರಿಂದಲೇ. ಬೆಳಕು ಎಂಬ ಅರ್ಥದ ಲ್ಯಾಟಿನ್ನಿನ ‘ಲಕ್ಸ್’ ಅದೇ ಮೂಲದ್ದು. ಸಂಸ್ಕೃತದ ‘ಶ್ವೇತ’ ಮತ್ತು ರಷ್ಯನ್ನಿನಲ್ಲಿ ಬೆಳಕಿಗಿರುವ ‘ಸ್ವೆತ್’ ಒಂದೇ ಬೇರಿನವು. ಯುರಾಲಿಕ್, ದ್ರಾವಿಡ, ಇಂಡೋ-ಯೂರೋಪಿಯನ್ – ಮೂರು ಬೇರೆ ಬೇರೆ ವರ್ಗಗಳ ಭಾಷೆಗಳು ಬಿಳಿಯನ್ನೂ ಬೆಳಕನ್ನೂ ಒಂದೇ ಬೇರಿಗೆ ಕಟ್ಟಿವೆ.

ಇದಕ್ಕೆ ಪೂರಕವಾದ ಅಧ್ಯಯನವೊಂದಿದೆ. 1969ರಲ್ಲಿ ಬ್ರೆಂಟ್ ಬರ್ಲಿನ್ ಮತ್ತು ಪಾಲ್ ಕೇ ಎಂಬ ಅಮೆರಿಕನ್ ವಿದ್ವಾಂಸರು ಹಲವು ಭಾಷೆಗಳ ಮೂಲ ವರ್ಣಪದಗಳನ್ನು ಹೋಲಿಸಿ, ಬಣ್ಣದ ಪದಗಳು ಹೆಚ್ಚುಕಡಿಮೆ ಒಂದು ಕ್ರಮದಲ್ಲಿ ಬೆಳೆಯುತ್ತವೆ ಎಂದು ವಾದಿಸಿದರು. ಎರಡೇ ವರ್ಣಪದಗಳಿರುವ ಭಾಷೆಗಳೂ ಇವೆ. ನ್ಯೂಗಿನಿಯ ದಾನಿ ಜನರ ‘ಮೋಲ’ ಮತ್ತು ‘ಮಿಲಿ’ ಅಂಥವು. ಇವು ಬರಿಯ ಬಿಳಿ, ಕಪ್ಪು ಅಲ್ಲ. ಬೆಳಗುವ ಮತ್ತು ಬೆಚ್ಚನೆಯ ಬಣ್ಣಗಳೆಲ್ಲ ಮೋಲ, ಮಸುಕಾದ ಮತ್ತು ತಂಪು ಬಣ್ಣಗಳೆಲ್ಲ ಮಿಲಿ ಎಂದು ಎಲಿನಾರ್ ರಾಶ್ 1970ರ ದಶಕದ ಆರಂಭದಲ್ಲಿ ತೋರಿಸಿದರು. ಎಸ್ಟೋನಿಯನ್ನಿನಲ್ಲಿ ಇಂದು ಇರುವ ಮೂಲ ವರ್ಣಪದಗಳು 11 ಎಂದು ಅಲ್ಲಿಯ ಭಾಷಾವಿಜ್ಞಾನಿ ಉರ್ಮಸ್ ಸುತ್ರೋಪ್ ಗುರುತಿಸಿದ್ದಾರೆ. ಅವುಗಳಲ್ಲಿ ವಲ್ಗೆಯೂ ಒಂದು.

ಬಿಳಿಗೆ ತರಂಗದೂರ ಎಷ್ಟು?

ಈಗ ಭೌತವಿಜ್ಞಾನಕ್ಕೆ ಬರೋಣ. ಕೆಂಪು ಬೆಳಕಿನ ತರಂಗದೂರ ಸುಮಾರು 650 ನ್ಯಾನೊಮೀಟರ್, ಹಸಿರಿನದು ಸುಮಾರು 530, ನೀಲಿಯದು ಸುಮಾರು 460. ಬಿಳಿಯದು? ಬಿಳಿಗೆ ತರಂಗದೂರವಿಲ್ಲ. ಸೂರ್ಯನ ಬೆಳಕನ್ನು ಪಟ್ಟಕದ ಮೂಲಕ ಹಾಯಿಸಿ ಬಣ್ಣಗಳಾಗಿ ಒಡೆದು, ಮತ್ತೆ ಕೂಡಿಸಿ ಬಿಳಿಯನ್ನು ಪಡೆದ ನ್ಯೂಟನ್ ತನ್ನ ಪ್ರಯೋಗಗಳನ್ನು ಪ್ರಕಟಿಸಿದ್ದು 1672ರಲ್ಲಿ. ಬಿಳಿ ಎಂಬುದು ಬೆರಕೆ ಎಂದು ಅಂದಿನಿಂದ ನಮಗೆ ಗೊತ್ತು. ಎಸ್ಟೋನಿಯನ್ನಿನ ಪಠ್ಯಗಳಲ್ಲಿ ಇದನ್ನು ‘ವಲ್ಗೆ ವಲ್ಗುಸ್’ ಎನ್ನುತ್ತಾರೆ. ನಮ್ಮ ‘ಬಿಳಿ ಬೆಳಕಿ’ನಂತೆ ಒಂದೇ ಬೇರಿನ ಎರಡು ಪದಗಳು.

ಒಂದೇ ಬಗೆಯ ಬೆರಕೆ ಬೇಕೆಂದೂ ಇಲ್ಲ. ಸೂರ್ಯನ ಬೆಳಕಿನಲ್ಲಿ ಎಲ್ಲ ದೃಗ್ಗೋಚರ ತರಂಗದೂರಗಳೂ ಇವೆ. ಮನೆಯ ಬಿಳಿ ಎಲ್‌ಇಡಿ ದೀಪದಲ್ಲಿರುವುದು ನೀಲಿ ಬೆಳಕು ಕೊಡುವ ಡಯೋಡ್. ಅದರ ಮೇಲಿನ ರಂಜಕ ಲೇಪ ಆ ನೀಲಿಯ ಒಂದಂಶವನ್ನು ಹಳದಿಯಾಗಿ ಮಾರ್ಪಡಿಸುತ್ತದೆ. ಎರಡೂ ಸೇರಿ ಕಣ್ಣಿಗೆ ಬಿಳಿ. ಎರಡು ಬೆಳಕುಗಳ ರೋಹಿತಗಳು ಬೇರೆ ಬೇರೆ. ಕಣ್ಣಿನ ಮೂರು ಬಗೆಯ ಶಂಕುಕೋಶಗಳು ಕೊಡುವ ಉತ್ತರ ಮಾತ್ರ ಹೆಚ್ಚುಕಡಿಮೆ ಒಂದೇ. ಆದ್ದರಿಂದ ಬಿಳಿ ಎನ್ನುವುದು ಬೆಳಕಿನ ಗುಣ ಮಾತ್ರವಲ್ಲ, ನೋಡುವ ಕಣ್ಣಿನ ಪಾಲೂ ಅದರಲ್ಲಿದೆ.

ಇನ್ನು ಬಿಳಿ ವಸ್ತು. ಹಿಮದ ಹರಳು ಪಾರದರ್ಶಕ. ಸಕ್ಕರೆಯ, ಉಪ್ಪಿನ ಹರಳುಗಳೂ ಹಾಗೆಯೇ. ಆದರೆ ರಾಶಿ ಹಾಕಿದರೆ ಬಿಳಿ. ಬೆಳಕು ಗಾಳಿಯಿಂದ ಹರಳಿಗೆ, ಹರಳಿನಿಂದ ಗಾಳಿಗೆ ನೂರಾರು ಬಾರಿ ದಾಟುವಾಗ ಪ್ರತಿ ಸಲವೂ ಸ್ವಲ್ಪ ಪ್ರತಿಫಲಿಸಿ, ಸ್ವಲ್ಪ ಬಾಗಿ, ಕೊನೆಗೆ ಎಲ್ಲ ದಿಕ್ಕಿಗೂ ಚದರಿ ಹೊರಬರುತ್ತದೆ. ಎಲ್ಲ ತರಂಗದೂರಗಳೂ ಹೆಚ್ಚುಕಡಿಮೆ ಸಮನಾಗಿ ಚದರುವುದರಿಂದ ಅದು ಬಿಳಿ. ಹೊಸದಾಗಿ ಬಿದ್ದ ಹಿಮ ತನ್ನ ಮೇಲೆ ಬೀಳುವ ಬೆಳಕಿನಲ್ಲಿ ಶೇಕಡ 80ರಿಂದ 90ರಷ್ಟನ್ನು ಹಿಂದಕ್ಕೆ ಕಳಿಸುತ್ತದೆ. ಒಳ್ಳೆಯ ಬಿಳಿ ಕಾಗದ ಸುಮಾರು ಶೇಕಡ 80ರಷ್ಟನ್ನು, ಅದರ ಮೇಲಿನ ಕಪ್ಪು ಅಚ್ಚಿನಕ್ಷರ ಸುಮಾರು ಶೇಕಡ 4ರಷ್ಟನ್ನು.

ಇಲ್ಲೊಂದು ಲೆಕ್ಕ ಮಾಡೋಣ. ಕೋಣೆಯ ದೀಪದ ಕೆಳಗೆ ದೀಪ್ತಿ ಸುಮಾರು 300 ಲಕ್ಸ್. ನಡುಹಗಲಿನ ಬಿಸಿಲಿನಲ್ಲಿ ಸುಮಾರು 1,00,000 ಲಕ್ಸ್. ಕೋಣೆಯಲ್ಲಿ ಬಿಳಿ ಕಾಗದದಿಂದ ಹಿಂದಿರುಗುವ ಬೆಳಕು 300ರ ಶೇಕಡ 80, ಅಂದರೆ 240. ಬಿಸಿಲಿನಲ್ಲಿ ಕಪ್ಪಕ್ಷರದಿಂದ ಹಿಂದಿರುಗುವುದು 1,00,000ದ ಶೇಕಡ 4, ಅಂದರೆ 4,000. ಬಿಸಿಲಿನ ಕಪ್ಪಕ್ಷರ ಕೋಣೆಯ ಬಿಳಿ ಕಾಗದಕ್ಕಿಂತ ಸುಮಾರು 17 ಪಟ್ಟು ಹೆಚ್ಚು ಬೆಳಕನ್ನು ಕಣ್ಣಿಗೆ ಕಳಿಸುತ್ತದೆ! ಆದರೂ ಅಕ್ಷರ ಕಪ್ಪು, ಕಾಗದ ಬಿಳಿ. ಏಕೆಂದರೆ ಕಣ್ಣು ಮತ್ತು ಮಿದುಳು ಅಳೆಯುವುದು ಬೆಳಕಿನ ಒಟ್ಟು ಮೊತ್ತವನ್ನಲ್ಲ. ಸುತ್ತಲಿನದಕ್ಕೆ ಹೋಲಿಸಿದಾಗ ಬರುವ ಅನುಪಾತವನ್ನು. ತಾಮ್ರದ ಪಕ್ಕದ ಹಿತ್ತಾಳೆ ‘ವಲ್ಗೆ’ ಆದದ್ದು ನೆನಪಿರಲಿ.

ಬೆಳಕಿನ ಪ್ರಮಾಣ ಬೇರೆ, ಬಿಳಿತನ ಬೇರೆ ಎಂಬುದು ಈ ಲೆಕ್ಕದಿಂದ ಸ್ಪಷ್ಟ. ವಲ್ಗೆಯ ಎರಡು ವಿರುದ್ಧಪದಗಳು ಹೇಳುತ್ತಿದ್ದುದೂ ಇದನ್ನೇ.

ಭಾಷೆ ಹುಟ್ಟಿದ ಆಕಾಶ

ಹಾಗೆಂದು ಆಡುಮಾತನ್ನು ತಪ್ಪೆನ್ನುವಂತಿಲ್ಲ. ಟಾಲಿನ್ ಇರುವುದು ಉತ್ತರ ಅಕ್ಷಾಂಶ 59.4 ಡಿಗ್ರಿಯಲ್ಲಿ. ಡಿಸೆಂಬರ್ 21ರ ಸುಮಾರಿಗೆ ಅಲ್ಲಿ ನಡುಹಗಲಲ್ಲೂ ಸೂರ್ಯ ಏರುವುದು 90 – 59.4 – 23.4, ಅಂದರೆ ಸುಮಾರು 7 ಡಿಗ್ರಿ ಮಾತ್ರ; ಹಗಲು ಸುಮಾರು 6 ಗಂಟೆ. ಜೂನ್ 21ರ ಸುಮಾರಿಗೆ ನಡುರಾತ್ರಿಯಲ್ಲಿ ಸೂರ್ಯ ಕ್ಷಿತಿಜದ ಕೆಳಗಿಳಿಯುವುದೂ ಅದೇ 7 ಡಿಗ್ರಿ. ಅಷ್ಟು ಮೇಲೆಯೇ ಇರುವ ಸೂರ್ಯನ ಬೆಳಕು ವಾತಾವರಣದಲ್ಲಿ ಚದರಿ ರಾತ್ರಿಯಿಡೀ ಮುಸ್ಸಂಜೆಯ ಬೆಳಕು ಉಳಿಯುತ್ತದೆ. ಇವೇ ‘ಬಿಳಿ ರಾತ್ರಿ’ಗಳು. ಹೋಲಿಕೆಗೆ, ಅದೇ ನಡುರಾತ್ರಿ 13 ಡಿಗ್ರಿ ಅಕ್ಷಾಂಶದ ಬೆಂಗಳೂರಿನಲ್ಲಿ ಸೂರ್ಯ 53 ಡಿಗ್ರಿಗೂ ಹೆಚ್ಚು ಕೆಳಗಿರುತ್ತಾನೆ. ಚಳಿಗಾಲದಲ್ಲಿ ನೆಲದ ಹಿಮ, ಬಿದ್ದ ಅಲ್ಪ ಬೆಳಕನ್ನೂ ಮೇಲಕ್ಕೆ ಕಳಿಸಿ ಸುತ್ತಲನ್ನು ಬೆಳಗುತ್ತದೆ. ಅಂಥ ನಾಡಿನಲ್ಲಿ ಬಿಳಿಯಾದದ್ದು ನಿಜವಾಗಿಯೂ ಬೆಳಕು ಕೊಡುತ್ತದೆ.

ಆ ನೆಲದೊಂದಿಗೆ ಸಂಬಂಧವಿದ್ದ ಇಬ್ಬರು ವಿಜ್ಞಾನಿಗಳು ಬಣ್ಣದ ಅಧ್ಯಯನದಲ್ಲಿ ತೊಡಗಿದ್ದರು ಎಂಬುದನ್ನೂ ಹೇಳಬೇಕು. ಉಷ್ಣವಿದ್ಯುತ್ ಪರಿಣಾಮವನ್ನು 1821ರಲ್ಲಿ ಕಂಡುಹಿಡಿದ ಥಾಮಸ್ ಸೀಬೆಕ್ ಹುಟ್ಟಿದ್ದು 1770ರಲ್ಲಿ, ಟಾಲಿನ್‌ನಲ್ಲಿ. ರೋಹಿತದ ಬಣ್ಣಗಳು ಬೆಳ್ಳಿಯ ಕ್ಲೋರೈಡಿನ ಮೇಲೆ ಮಾಡುವ ಪರಿಣಾಮವನ್ನು ಅವನು 1810ರಲ್ಲೇ ವರ್ಣಿಸಿದ್ದ. ಟಾರ್ಟು ವಿಶ್ವವಿದ್ಯಾಲಯದಲ್ಲಿ ಓದಿ, 1909ರಲ್ಲಿ ರಸಾಯನ ವಿಜ್ಞಾನದ ನೊಬೆಲ್ ಪಡೆದ ವಿಲ್‌ಹೆಲ್ಮ್ ಆಸ್ಟ್‌ವಾಲ್ಡ್, ಮುಂದೆ ಬಣ್ಣಗಳ ಒಂದು ವ್ಯವಸ್ಥೆಯನ್ನೇ ರೂಪಿಸಿದ. ಅವನ ಪ್ರಕಾರ ಯಾವುದೇ ಮೇಲ್ಮೈಯ ಬಣ್ಣವನ್ನು ಪೂರ್ಣವರ್ಣದ ಅಂಶ, ಬಿಳಿಯ ಅಂಶ, ಕಪ್ಪಿನ ಅಂಶ ಎಂದು ಮೂರಾಗಿ ಒಡೆಯಬಹುದು. ಮೂರರ ಮೊತ್ತ 1. ಇಲ್ಲಿ ಬಿಳಿ ಎಂಬುದು ಮೇಲ್ಮೈಯ ಒಂದು ಅಂಶ, ಬೆಳಕಿನ ಪ್ರಮಾಣವಲ್ಲ.

ತರಗತಿಯಲ್ಲಿ ಮಾಡಿ ನೋಡಿ

1. ಬಿಳಿ ಕಾಗದದ ಮೇಲೆ ಕೆಂಪು ಶಾಯಿಯಲ್ಲಿ ಬರೆಯಿರಿ. ಕತ್ತಲೆ ಕೋಣೆಯಲ್ಲಿ ಕೆಂಪು ಬೆಳಕು ಮಾತ್ರ ಬೀಳುವಂತೆ ಮಾಡಿ ನೋಡಿ. ಅಕ್ಷರಗಳು ಬಹುಮಟ್ಟಿಗೆ ಮಾಯವಾಗುತ್ತವೆ. ಕೆಂಪು ಬೆಳಕನ್ನು ಕಾಗದವೂ ಶಾಯಿಯೂ ಹೆಚ್ಚುಕಡಿಮೆ ಸಮನಾಗಿ ಪ್ರತಿಫಲಿಸುತ್ತವೆ. ಕಾಗದ ಬದಲಾಗಿಲ್ಲ, ಬೆಳಕು ಬದಲಾಗಿದೆ.

2. ಗಾಜಿನ ಲೋಟದಲ್ಲಿ ಹರಳುಪ್ಪನ್ನು ಪುಡಿಮಾಡಿ ಹಾಕಿ. ಬಿಳಿಯಾಗಿ ಕಾಣುತ್ತದೆ. ಅಡುಗೆ ಎಣ್ಣೆ ಸುರಿದು ನೆನೆಸಿ. ಬಿಳಿತನ ಕುಗ್ಗುತ್ತದೆ. ಎಣ್ಣೆಯ ವಕ್ರೀಭವನಾಂಕ ಗಾಳಿಗಿಂತ ಉಪ್ಪಿಗೆ ಹತ್ತಿರ. ಆದ್ದರಿಂದ ಚದರಿಕೆ ಕಡಿಮೆ.

3. ಹಳೆಯ ಸಿ.ಡಿ.ಯೊಂದರ ಮೇಲೆ ಬಿಳಿ ಎಲ್‌ಇಡಿಯ ಪ್ರತಿಬಿಂಬವನ್ನೂ ಮೋಂಬತ್ತಿಯ ಪ್ರತಿಬಿಂಬವನ್ನೂ ಓರೆಯಾಗಿ ನೋಡಿ ಬಣ್ಣದ ಪಟ್ಟಿಗಳನ್ನು ಹೋಲಿಸಿ. ಸಿ.ಡಿ.ಯಲ್ಲಿ ಸೂರ್ಯನನ್ನು ಮಾತ್ರ ನೋಡಬೇಡಿ.

4. ‘ಬಿಳಿ’ ಮತ್ತು ‘ಬೆಳಕು’ ಎಂಬ ಬೇರಿನಿಂದ ಬಂದ ಪದಗಳನ್ನು ವಿದ್ಯಾರ್ಥಿಗಳಿಂದ ಪಟ್ಟಿ ಮಾಡಿಸಿ, ಪ್ರತಿಯೊಂದರ ವಿರುದ್ಧಪದ ಬರೆಸಿ. ಎಲ್ಲಿ ‘ಕಪ್ಪು’ ಬರುತ್ತದೆ, ಎಲ್ಲಿ ‘ಕತ್ತಲೆ’ ಬರುತ್ತದೆ ನೋಡಿ.

ಮೊದಲಿನ ಪ್ರಶ್ನೆಗೆ

ಕತ್ತಲೆ ಕೋಣೆಯ ಹಾಳೆಗೆ ಮರಳೋಣ. ‘ಅದು ಹೇಗೆ ಕಾಣುತ್ತದೆ?’ ಎಂದು ಕೇಳಿದರೆ ಉತ್ತರ: ಕಾಣುವುದೇ ಇಲ್ಲ. ‘ಆ ಹಾಳೆ ಎಂಥದು?’ ಎಂದು ಕೇಳಿದರೆ ಉತ್ತರ: ಬೆಳಕು ಬಿದ್ದಾಗ ಎಲ್ಲ ತರಂಗದೂರಗಳಲ್ಲೂ ಸುಮಾರು ಶೇಕಡ 80ರಷ್ಟನ್ನು ಹಿಂದಕ್ಕೆ ಕಳಿಸುವಂಥದು, ಅಂದರೆ ಬಿಳಿ. ದೀಪ ಆರಿಸಿದರೆ ಈ ಗುಣ ಹೋಗುವುದಿಲ್ಲ. ನಾನು ಕೇಳಿದ್ದು ‘ಅದರ ಬಣ್ಣ ಯಾವುದು?’ ಎಂದು. ಆ ಪ್ರಶ್ನೆಯಲ್ಲಿ ಎರಡು ಪ್ರಶ್ನೆಗಳಿದ್ದವು. ನನಗೆ ಒಂದೇ ಕಾಣಿಸಿತು; ಆ ಹುಡುಗನಿಗೆ ಎರಡೂ ಕಾಣಿಸಿದ್ದವು, ಎರಡನ್ನೂ ಅವನು ಒಂದೇ ಸಾಲಿನಲ್ಲಿ ಬೇರ್ಪಡಿಸಿ ಬರೆದಿದ್ದ. ಎಸ್ಟೋನಿಯನ್ನಿನಲ್ಲಿ ಹೇಳುವುದಾದರೆ, ಹಾಳೆ ವಲ್ಗೆ, ಕೋಣೆ ವಲ್ಗೆಯಲ್ಲ.

ಅವನ ಉತ್ತರಕ್ಕೆ ಪೂರ್ಣ ಅಂಕ ಸಲ್ಲಬೇಕಿತ್ತು. ಈಗ ಅದನ್ನು ಕೊಡುವ ದಾರಿ ನನಗಿಲ್ಲ. ಶಿಕ್ಷಕ ಮಿತ್ರರೇ, ವಿದ್ಯಾರ್ಥಿಯ ಉತ್ತರ ವಿಚಿತ್ರವೆನಿಸಿದಾಗ ಶಾಯಿ ಹಾಕುವ ಮೊದಲು, ನಮ್ಮ ಪ್ರಶ್ನೆಯ ಪದಗಳಿಗೆ ಎಷ್ಟು ಅರ್ಥಗಳಿವೆ ಎಂದು ಒಮ್ಮೆ ನೋಡಿಕೊಳ್ಳೋಣ. ವಿದ್ಯಾರ್ಥಿಗಳೇ, ನಿಮ್ಮ ಉತ್ತರ ಸರಿಯೆಂದು ನಿಮಗೆ ಅನ್ನಿಸಿದರೆ, ಯಾವ ಅರ್ಥದಲ್ಲಿ ಸರಿ ಎಂದು ಇನ್ನೊಂದು ವಾಕ್ಯ ಸೇರಿಸಿ ಬರೆಯಿರಿ.